ಅನುಮೋದನೆಯ ಹೊಣೆ

ತತ್ತ್ವಾರ್ಥಸೂತ್ರದ ಆರನೆಯ ಅಧ್ಯಾಯದಲ್ಲಿ ಆಚಾರ್ಯ ಉಮಾಸ್ವಾಮಿಗಳು ಕೃತ, ಕಾರಿತ, ಅನುಮತ ಎಂಬ ಮೂರನ್ನು ಒಟ್ಟಿಗೇ ಎಣಿಸಿರುವುದು ಶ್ರಾವಕರಿಗೆ ವಿದಿತವಾದ ಸಂಗತಿ. ತಾನು ಮಾಡಿದ್ದು, ಪರರಿಂದ ಮಾಡಿಸಿದ್ದು, ಪರರು ಮಾಡಿದ್ದಕ್ಕೆ ಸಮ್ಮತಿಸಿದ್ದು, ಈ ಮೂರೂ ಕರ್ಮಾಸ್ರವಕ್ಕೆ ಕಾರಣ. ಪ್ರಾಚೀನ ತಾಮ್ರಶಾಸನಗಳ ಶಾಪಾಶಯದಲ್ಲಿಯೂ ದತ್ತಿಯನ್ನು ಅಪಹರಿಸಿದವನೊಡನೆ ಅದಕ್ಕೆ ಒಪ್ಪಿಗೆಯಿತ್ತವನನ್ನು ಸೇರಿಸುವ ವಾಡಿಕೆಯುಂಟು.

2018ರ ಜುಲೈ 13ರಂದು ಬೀದರ ಜಿಲ್ಲೆಯ ಮುರ್ಕಿ ಗ್ರಾಮದಲ್ಲಿ ನಡೆದ ದುರಂತವನ್ನು ಸಿರವಾರ, ಮಾನ್ವಿ, ದೇವದುರ್ಗ ಕಡೆಯ ನಾವು ದೂರದ ಸುದ್ದಿಯೆಂದು ಮರೆಯುವಂತಿಲ್ಲ. ಬೀದರ, ರಾಯಚೂರು ಎರಡೂ ಕಲ್ಯಾಣ ಕರ್ನಾಟಕದ ನೆಲವೇ. ಹೈದರಾಬಾದಿನಿಂದ ಬಂದಿದ್ದ ಕೆಲವು ಗೆಳೆಯರು ದಾರಿಯಲ್ಲಿ ಮಕ್ಕಳಿಗೆ ಚಾಕಲೇಟು ಕೊಟ್ಟರು. ಮಕ್ಕಳ ಕಳ್ಳರೆಂಬ ಸಂಶಯ ಹುಟ್ಟಿತು. ತಾಯ್ತಂದೆಯರ ಆ ಭಯವನ್ನು ನಾನು ಹಳಿಯಲಾರೆ. ಆದರೆ ಅವರ ಕಾರು ಮುರ್ಕಿಯನ್ನು ಮುಟ್ಟುವ ಮೊದಲೇ ವಾಟ್ಸಾಪ್ ಮೂಲಕ ಸುದ್ದಿ ಅಲ್ಲಿಗೆ ಮುಟ್ಟಿತ್ತು. ಜನರು ರಸ್ತೆಯನ್ನು ತಡೆದರು. ತರುಣ ಇಂಜಿನಿಯರರೊಬ್ಬರು ಪ್ರಾಣ ಕಳೆದುಕೊಂಡರು. ಸಂಗಡಿಗರೂ, ಬಿಡಿಸಲು ಹೋದ ಪೊಲೀಸರೂ ಗಾಯಗೊಂಡರು. ಬಂಧಿತರಲ್ಲಿ ವಾಟ್ಸಾಪ್ ಗುಂಪೊಂದರ ನಿರ್ವಾಹಕನೂ ಇದ್ದನು.

ಕೈಯೆತ್ತಿದವನ ಅಪರಾಧ ಸ್ಪಷ್ಟ. ಸುದ್ದಿಯನ್ನು ದಾಟಿಸಿದವರ ಹೊಣೆ ಎಷ್ಟು? 2000ದ ಮಾಹಿತಿ ತಂತ್ರಜ್ಞಾನ ಕಾಯಿದೆಯ 79ನೆಯ ಕಲಂ ಸಂದೇಶ ಸಾಗಿಸುವ ಸಂಸ್ಥೆಗೆ ಷರತ್ತಿನ ಮೇಲೆ ರಕ್ಷಣೆ ಕೊಟ್ಟಿದೆ. ಗುಂಪಿನ ನಿರ್ವಾಹಕನೆಂಬ ಕಾರಣಮಾತ್ರದಿಂದ ಒಬ್ಬನು ಇತರರ ಬರಹಕ್ಕೆ ಹೊಣೆಯಾಗನೆಂದು ಕೇರಳ ಉಚ್ಚ ನ್ಯಾಯಾಲಯವು 2022ರಲ್ಲಿ ತೀರ್ಪಿತ್ತಿತು. ಇನ್ನು ಸುದ್ದಿಯನ್ನು ಹರಡಿದವನು. 1860ರ ದಂಡಸಂಹಿತೆಯ 505ನೆಯ ಕಲಂ ಜನರಲ್ಲಿ ಭೀತಿ ಹುಟ್ಟಿಸುವ ವದಂತಿಯನ್ನು ರಚಿಸಿದವನೊಡನೆ ಹರಡಿದವನನ್ನೂ ಹೆಸರಿಸಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 353ನೆಯ ಕಲಂ ಅದನ್ನೇ ಮುಂದುವರಿಸಿದೆ. ನಿಜವೆಂದು ನಂಬಲು ತಕ್ಕ ಆಧಾರವಿದ್ದು, ದುರುದ್ದೇಶವಿಲ್ಲದೆ ಸದ್ಭಾವನೆಯಿಂದ ಹರಡಿದವನಿಗೆ ವಿನಾಯಿತಿಯುಂಟು. ಆದರೆ ತಕ್ಕ ಎಚ್ಚರಿಕೆಯಿಲ್ಲದೆ ನಂಬಿದ್ದನ್ನು ಸದ್ಭಾವನೆಯೆಂದು ಸಂಹಿತೆ ಒಪ್ಪುವುದಿಲ್ಲ. ಹಿಂಸೆಯ ಲಕ್ಷಣ ಹೇಳುವಾಗ ಪ್ರಮತ್ತಯೋಗವನ್ನೇ ಮೊದಲಿಗಿಟ್ಟ ನಮ್ಮ ಸೂತ್ರಕಾರರ ಮಾತಿಗೆ ಇದೆಷ್ಟು ಸಮೀಪ!

ಆದರೆ ನೂರಾರು ಕೈ ದಾಟಿದ ಸುದ್ದಿಯಲ್ಲಿ ಯಾರು ವಿಚಾರಿಸಿದರು, ಯಾರು ವಿಚಾರಿಸಲಿಲ್ಲವೆಂಬುದನ್ನು ನ್ಯಾಯಾಲಯದಲ್ಲಿ ಸಿದ್ಧಪಡಿಸುವುದು ಸುಲಭವಲ್ಲ. ಮುರ್ಕಿಯ ಘಟನೆಯಾದ ನಾಲ್ಕು ದಿನಕ್ಕೆ ಸರ್ವೋಚ್ಚ ನ್ಯಾಯಾಲಯವು ಗುಂಪುಹತ್ಯೆಯ ತಡೆಗಾಗಿ ಪ್ರತಿ ಜಿಲ್ಲೆಯಲ್ಲಿ ಹಿರಿಯ ಪೊಲೀಸ್ ಅಧಿಕಾರಿಯೊಬ್ಬರನ್ನು ಗೊತ್ತುಪಡಿಸಬೇಕೆಂದು ಆದೇಶಿಸಿತು. ಅದೇ ತಿಂಗಳು ವಾಟ್ಸಾಪ್ ಸಂಸ್ಥೆಯು ಭಾರತದಲ್ಲಿ ಬಂದ ಸಂದೇಶವನ್ನು ಒಮ್ಮೆಗೆ ಐದು ಕಡೆಗೆ ಮಾತ್ರ ದಾಟಿಸುವ ಮಿತಿಯನ್ನು ಪ್ರಕಟಿಸಿತು. ಆ ಐದು ಕಡೆಗೆ ಕಳುಹಿಸುವವನು ಸುದ್ದಿಯನ್ನು ವಿಚಾರಿಸಿದ್ದಾನೆಯೇ ಎಂದು ಕೇಳುವ ಏರ್ಪಾಡು ಆ ಮಿತಿಯಲ್ಲಿರಲಿಲ್ಲ.