ದೆರಾರ್ತು ತುಲು: ದನ ಕಾಯುತ್ತಿದ್ದ ಹುಡುಗಿ ಓಡಿದ ಇಪ್ಪತ್ತೈದು ಸುತ್ತು

ಬೀದರಿಗೆ ಹೋದವರು ಕೋಟೆ ನೋಡುತ್ತಾರೆ, ಮಹಮೂದ್ ಗವಾನನ ಮದರಸಾ ನೋಡುತ್ತಾರೆ, ಗುರುದ್ವಾರಕ್ಕೂ ಹೋಗಿ ಬರುತ್ತಾರೆ. ಊರಿನ ಪೂರ್ವದ ದಿಕ್ಕಿಗಿರುವ ಹಬ್ಷಿಕೋಟದ ಗುಡ್ಡಕ್ಕೆ ಹೋಗುವವರು ಕಡಿಮೆ. ಹಬ್ಷಿಗಳೆಂದರೆ ಅಬಿಸೀನಿಯಾದಿಂದ, ಅಂದರೆ ಇಂದಿನ ಇಥಿಯೋಪಿಯಾ ಮತ್ತು ಅದರ ಸುತ್ತಲ ನಾಡಿನಿಂದ ಬಂದವರು. ಅವರ ಸರದಾರರ ಗೋರಿಗಳು ಆ ಗುಡ್ಡದ ಮೇಲಿವೆ. ಅವರಲ್ಲಿ ಬಹಳಷ್ಟು ಜನ ಗುಲಾಮರಾಗಿ ಸಮುದ್ರ ದಾಟಿ ಬಂದು ದಖನಿನ ಸುಲ್ತಾನರ ಸೈನ್ಯದಲ್ಲಿ ಮೇಲೆ ಬಂದರು. 1626ರಲ್ಲಿ ತೀರಿಕೊಂಡ ಅಹಮದನಗರದ ಮಲಿಕ್ ಅಂಬರ್ ಅವರೆಲ್ಲರಲ್ಲಿ ಹೆಸರಾದವನು. ನಾರಾಯಣಖೇಡ, ಜಹೀರಾಬಾದ್ ಸೀಮೆ 1956ರವರೆಗೆ ಬೀದರ ಜಿಲ್ಲೆಯಲ್ಲೇ ಇತ್ತು. ಹಾಗಾಗಿ ಇಥಿಯೋಪಿಯಾ ನಮಗೆ ತೀರಾ ಗೊತ್ತಿಲ್ಲದ ದೇಶವೇನೂ ಅಲ್ಲ.

ಆದರೆ ನಮ್ಮ ಮಕ್ಕಳನ್ನು ಇಥಿಯೋಪಿಯಾ ಎಲ್ಲಿದೆ ಎಂದು ಕೇಳಿ ನೋಡಿ. ಭೂಪಟದಲ್ಲಿ ಬೆರಳಿಟ್ಟು ತೋರಿಸುವವರು ಒಬ್ಬಿಬ್ಬರು. ದೊಡ್ಡವರಿಗೆ ನೆನಪಾಗುವುದು 1984ರ ಬರಗಾಲದ ಚಿತ್ರಗಳು ಮಾತ್ರ. ಆ ಬರಗಾಲದ ಹೊತ್ತಿಗೆ ಅದೇ ದೇಶದ ದಕ್ಷಿಣದ ಗುಡ್ಡಗಾಡಿನಲ್ಲಿ ಹನ್ನೆರಡು ವರ್ಷದ ಹುಡುಗಿಯೊಬ್ಬಳಿದ್ದಳು. ಮುಂದೆ ಎಂಟೇ ವರ್ಷಕ್ಕೆ ಅವಳು ಇಥಿಯೋಪಿಯಾದ ಹೆಸರಿಗೆ ಬೇರೆಯೇ ಅರ್ಥ ತಂದುಕೊಟ್ಟಳು. ಅವಳೇ ದೆರಾರ್ತು ತುಲು.

ಬೆಕೋಜಿ ಎಂಬ ಊರು

ದೆರಾರ್ತು ಹುಟ್ಟಿದ್ದು 1972ರ ಮಾರ್ಚ್ 21ರಂದು, ಅರ್ಸಿ ಸೀಮೆಯ ಬೆಕೋಜಿಯಲ್ಲಿ. ಹತ್ತು ಮಕ್ಕಳಲ್ಲಿ ಏಳನೆಯವಳು. ರೈತರ ಮನೆ. ಹೆಣ್ಣುಮಗಳಾದರೂ ದನ ಕಾಯುವ ಕೆಲಸ ಅವಳ ಪಾಲಿಗಿತ್ತು. ಬೆಕೋಜಿ ಸಮುದ್ರಮಟ್ಟದಿಂದ ಸುಮಾರು 2,800 ಮೀಟರ್ ಎತ್ತರದಲ್ಲಿದೆ. ನಮ್ಮ ಬೀದರಿನ ಎತ್ತರ 700 ಮೀಟರ್ ಚಿಲ್ಲರೆ ಎಂದರೆ ಅಂದಾಜು ಸಿಗುತ್ತದೆ. ಅಷ್ಟು ಎತ್ತರದಲ್ಲಿ ಗಾಳಿ ತೆಳುವಾಗಿರುತ್ತದೆ, ಒಂದೊಂದು ಉಸಿರಿಗೆ ಸಿಗುವ ಆಮ್ಲಜನಕ ಕಡಿಮೆ. ಅಲ್ಲೇ ಹುಟ್ಟಿ ಬೆಳೆದವರ ದೇಹ ಅದಕ್ಕೆ ಒಗ್ಗಿಕೊಳ್ಳುತ್ತದೆ. ಅಂಥವರು ಕೆಳಗಿನ ನಾಡಿಗೆ ಬಂದು ಓಡಿದರೆ ಬೇಗ ದಣಿಯುವುದಿಲ್ಲ.

ಆದರೆ ಎತ್ತರ ಒಂದೇ ಸಾಕಾಗಿದ್ದರೆ ಜಗತ್ತಿನ ಎಲ್ಲ ಗುಡ್ಡಗಾಡಿನ ಊರುಗಳಿಂದಲೂ ಚಾಂಪಿಯನ್ನರು ಬರಬೇಕಿತ್ತು! ಬೆಕೋಜಿಯಲ್ಲಿ ಇನ್ನೊಂದಿತ್ತು. ಅಲ್ಲಿನ ಶಾಲೆಯಲ್ಲಿ ಸೆಂತಾಯೆಹು ಎಷೆತು ಎಂಬ ವ್ಯಾಯಾಮ ಮೇಷ್ಟ್ರಿದ್ದರು. ಓಡಬಲ್ಲ ಮಕ್ಕಳನ್ನು ಗುರುತಿಸಿ, ಬೆಳಗಿನ ಜಾವ ಬಯಲಿಗೆ ಕರೆತಂದು ಓಡಿಸುವುದು ಅವರ ಕೆಲಸ. ದೊಡ್ಡ ಮೈದಾನವಿಲ್ಲ, ಸಲಕರಣೆಯಿಲ್ಲ. ದೆರಾರ್ತು ಶಾಲೆಯ 400 ಮೀಟರ್ ಓಟದಲ್ಲಿ ಗಂಡುಹುಡುಗರನ್ನೇ ಹಿಂದೆ ಹಾಕಿದಳೆಂದು ಹೇಳುತ್ತಾರೆ. ಇದೇ ಬೆಕೋಜಿಯಿಂದ 1996ರ ಅಟ್ಲಾಂಟಾ ಮ್ಯಾರಥಾನ್ ಗೆದ್ದ ಫಾತುಮಾ ರೋಬಾ ಬಂದರು, ಕೆನೆನಿಸಾ ಬೆಕೆಲೆ ಬಂದರು, ತಿರುನೆಶ್ ದಿಬಾಬಾ ಬಂದರು. ಒಂದು ಸಣ್ಣ ಊರಿನಿಂದ ಇಷ್ಟೊಂದು ಜನ ಒಲಿಂಪಿಕ್ ವಿಜೇತರು! ಶಾಲೆಯ ಮೇಷ್ಟ್ರೊಬ್ಬರು ಮನಸ್ಸಿಟ್ಟರೆ ಏನಾಗಬಹುದು ಎಂಬುದಕ್ಕೆ ಇದಕ್ಕಿಂತ ದೊಡ್ಡ ಉದಾಹರಣೆ ಬೇಕಿಲ್ಲ.

ಇನ್ನೊಂದು ಸಂಗತಿಯನ್ನೂ ಇಲ್ಲಿ ಹೇಳಬೇಕು. ದೆರಾರ್ತು ಒರೊಮೊ ಜನಾಂಗದವರು. ಅವರ ಮನೆಮಾತು ಒರೊಮೊ. ಆದರೆ ಅವರು ಓದುವ ಕಾಲಕ್ಕೆ ಶಾಲೆಯ ಭಾಷೆ ಅಮ್ಹಾರಿಕ್. ಒರೊಮೊ ಆಡುವವರು ಕೋಟಿಗಟ್ಟಲೆ ಇದ್ದರೂ ಅದು ಶಾಲೆಯ ಹೊಸ್ತಿಲು ದಾಟಿರಲಿಲ್ಲ. 1991ರಲ್ಲಿ ಸರ್ಕಾರ ಬದಲಾದ ಮೇಲೆಯೇ ಆ ಭಾಷೆಗೆ ಲ್ಯಾಟಿನ್ ಅಕ್ಷರಗಳ ಬರವಣಿಗೆ ಗಟ್ಟಿಯಾಯಿತು, ಮಕ್ಕಳು ತಾಯ್ನುಡಿಯಲ್ಲಿ ಪಾಠ ಕಲಿಯುವಂತಾಯಿತು. ಮನೆಯಲ್ಲಿ ಒಂದು ಮಾತು, ಕಚೇರಿಯಲ್ಲಿ ಇನ್ನೊಂದು ಮಾತು ಎಂಬ ಬದುಕು ನಮ್ಮ ಗಡಿಯವರಿಗೆ ಮಾತ್ರ ಇರುವುದಲ್ಲ.

ಹೆಣ್ಣುಮಕ್ಕಳಿಗೆ ಬೇಡವೆಂದ ದೂರ

ದೆರಾರ್ತು ಓಡಿದ್ದು 10,000 ಮೀಟರ್. 400 ಮೀಟರಿನ ಟ್ರ್ಯಾಕ್ ಮೇಲೆ ಇಪ್ಪತ್ತೈದು ಸುತ್ತು. ಈ ಓಟ ಗಂಡಸರಿಗೆ 1912ರಿಂದಲೂ ಒಲಿಂಪಿಕ್ಸಿನಲ್ಲಿ ಇತ್ತು. ಹೆಂಗಸರಿಗೆ ಬಂದದ್ದು 1988ರಲ್ಲಿ! ನಡುವೆ 76 ವರ್ಷ.

ಯಾಕೆ ಹೀಗಾಯಿತು? 1928ರ ಆಮ್‌ಸ್ಟರ್‌ಡಾಮ್ ಒಲಿಂಪಿಕ್ಸಿನಲ್ಲಿ ಹೆಂಗಸರಿಗೆ 800 ಮೀಟರ್ ಓಟ ಇಟ್ಟರು. ಓಟ ಮುಗಿದ ಮೇಲೆ ಕೆಲವರು ದಣಿದು ಕುಳಿತರು. ಗಂಡಸರೂ ಹಾಗೆಯೇ ಕುಳಿತುಕೊಳ್ಳುತ್ತಾರೆ, ಅದನ್ನು ಯಾರೂ ದೊಡ್ಡದು ಮಾಡುವುದಿಲ್ಲ. ಆದರೆ ಆಗಿನ ಪತ್ರಿಕೆಗಳು ಹೆಂಗಸರು ಸಾಲುಸಾಲಾಗಿ ಕುಸಿದುಬಿದ್ದರೆಂದು ಬರೆದವು. ಹೆಣ್ಣಿನ ದೇಹ ಇದನ್ನು ತಡೆಯದು ಎಂದು ತೀರ್ಮಾನಿಸಿ ಆ ಓಟವನ್ನೇ ತೆಗೆದುಹಾಕಿದರು. ಅದು ಮರಳಿ ಬರಲು 1960 ಆಗಬೇಕಾಯಿತು. 1500 ಮೀಟರ್ 1972ರಲ್ಲಿ ಬಂತು. 3000 ಮೀಟರ್ ಮತ್ತು ಮ್ಯಾರಥಾನ್ 1984ರಲ್ಲಿ ಬಂದವು. ಹೊಲದಲ್ಲಿ ದಿನವಿಡೀ ಕಳೆ ತೆಗೆಯುವ, ಮೈಲಿಗಟ್ಟಲೆ ದೂರದಿಂದ ನೀರು ಹೊತ್ತು ತರುವ ಹೆಣ್ಣಿಗೆ ಎರಡು ಸುತ್ತು ಓಡುವ ಶಕ್ತಿಯಿಲ್ಲ ಎಂದವರು ಆ ಹೊಲವನ್ನಾಗಲಿ ಬಾವಿಯನ್ನಾಗಲಿ ನೋಡಿದವರಲ್ಲ.

ಅರಬ್ ದೇಶಗಳ ಹೆಣ್ಣುಮಕ್ಕಳಲ್ಲಿ ಒಲಿಂಪಿಕ್ ಚಿನ್ನದ ಬಾಗಿಲು ಮೊದಲು ತೆರೆದವರು ಮೊರಾಕ್ಕೊ ದೇಶದ ನವಾಲ್ ಅಲ್ ಮುತವಕಿಲ್. 1984ರಲ್ಲಿ ಲಾಸ್ ಏಂಜಲೀಸಿನಲ್ಲಿ 400 ಮೀಟರ್ ಹರ್ಡಲ್ಸ್ ಗೆದ್ದರು. ಆ ಓಟ ನಮಗೂ ಮರೆಯುವಂಥದ್ದಲ್ಲ. ನಮ್ಮ ಪಿ.ಟಿ. ಉಷಾ ಸೆಕೆಂಡಿನ ನೂರನೇ ಒಂದು ಭಾಗದಿಂದ ಕಂಚು ಕಳೆದುಕೊಂಡು ನಾಲ್ಕನೆಯವರಾದದ್ದು ಅದೇ ಓಟದಲ್ಲಿ.

ಬಾರ್ಸಿಲೋನಾ, 7 ಆಗಸ್ಟ್ 1992

ಇಥಿಯೋಪಿಯಾ ಓಟದಲ್ಲಿ ಮೊದಲಿನಿಂದ ಹೆಸರಾದ ದೇಶ. 1960ರಲ್ಲಿ ಅಬೆಬೆ ಬಿಕಿಲಾ ರೋಮಿನ ಬೀದಿಗಳಲ್ಲಿ ಬರಿಗಾಲಲ್ಲಿ ಮ್ಯಾರಥಾನ್ ಗೆದ್ದರು. ಆದರೆ ರಾಜಕೀಯದ ಕಾರಣಕ್ಕೆ 1976, 1984, 1988ರ ಒಲಿಂಪಿಕ್ಸುಗಳಿಗೆ ಆ ದೇಶ ಹೋಗಲೇ ಇಲ್ಲ. 1992ರಲ್ಲಿ ಮರಳಿ ಬಂತು.

ಅದೇ ವರ್ಷ ಇನ್ನೊಂದು ದೇಶವೂ ಮರಳಿ ಬಂತು, ದಕ್ಷಿಣ ಆಫ್ರಿಕಾ. ಬಿಳಿಯರು ಕರಿಯರನ್ನು ಬೇರೆ ಇಟ್ಟು ಆಳುವ ವರ್ಣಭೇದ ನೀತಿಯ ಕಾರಣಕ್ಕೆ 1964ರಿಂದ ಅದನ್ನು ಒಲಿಂಪಿಕ್ಸಿನಿಂದ ಹೊರಗಿಟ್ಟಿದ್ದರು. ನೆಲ್ಸನ್ ಮಂಡೇಲಾ 1990ರಲ್ಲಿ ಸೆರೆಮನೆಯಿಂದ ಹೊರಬಂದರು, ಮಾತುಕತೆ ನಡೆದಿತ್ತು. ಎಲ್ಲರೂ ಮತ ಹಾಕುವ ಚುನಾವಣೆ 1994ರವರೆಗೆ ಆಗಿರಲಿಲ್ಲ. ಹಾಗಾಗಿ ಆ ತಂಡ ಬಾರ್ಸಿಲೋನಾಕ್ಕೆ ತನ್ನ ಹಳೆಯ ಧ್ವಜ ತರಲಿಲ್ಲ, ಕ್ರೀಡಾಕೂಟಕ್ಕೆಂದೇ ಮಾಡಿದ ಬೇರೆ ಧ್ವಜ ಹಿಡಿದು ಬಂತು.

10,000 ಮೀಟರಿನ ಕೊನೆಯ ಓಟಕ್ಕೆ ನಿಂತವರಲ್ಲಿ ಬ್ರಿಟನ್ನಿನ ಲಿಜ್ ಮೆಕಾಲ್ಗನ್ ಇದ್ದರು, ಹಿಂದಿನ ವರ್ಷದ ವಿಶ್ವ ಚಾಂಪಿಯನ್. ದಕ್ಷಿಣ ಆಫ್ರಿಕಾದ ಬಿಳಿಯ ಓಟಗಾರ್ತಿ ಎಲಾನಾ ಮೇಯರ್ ಇದ್ದರು. ಇಪ್ಪತ್ತು ವರ್ಷದ ದೆರಾರ್ತು ಇದ್ದರು. ಎರಡು ವರ್ಷದ ಹಿಂದೆ ಕಿರಿಯರ ವಿಶ್ವ ಚಾಂಪಿಯನ್ ಆಗಿದ್ದರೂ ಹೆಚ್ಚಿನವರಿಗೆ ಆಕೆಯ ಪರಿಚಯವಿರಲಿಲ್ಲ.

ಮೊದಲ ಅರ್ಧ ಮೆಕಾಲ್ಗನ್ ಮುಂದಿದ್ದರು. ಆಮೇಲೆ ಮೇಯರ್ ಒಮ್ಮೆಲೇ ವೇಗ ಹೆಚ್ಚಿಸಿ ಗುಂಪು ಬಿಟ್ಟು ಹೋದರು. ಬೆನ್ನಿಗೆ ಹೋದವರು ದೆರಾರ್ತು ಒಬ್ಬರೇ. ಸುತ್ತಿನ ಮೇಲೆ ಸುತ್ತು, ಮುಂದೆ ಬಿಳಿಯ ಹುಡುಗಿ, ನೆರಳಿನಂತೆ ಹಿಂದೆ ಕರಿಯ ಹುಡುಗಿ. ಮೇಯರ್ ಎಷ್ಟು ಎಳೆದರೂ ಆ ನೆರಳು ಬಿಡಲಿಲ್ಲ. ಕೊನೆಯ ಸುತ್ತು ಬಂದಾಗ ದೆರಾರ್ತು ಪಕ್ಕಕ್ಕೆ ಬಂದು ದಾಟಿ ಹೋದರು. 31 ನಿಮಿಷ 6.02 ಸೆಕೆಂಡ್. ಮೇಯರ್ ಐದೂ ಮುಕ್ಕಾಲು ಸೆಕೆಂಡ್ ಹಿಂದೆ. ಮೂರನೆಯವರು ಅಮೆರಿಕದ ಲಿನ್ ಜೆನಿಂಗ್ಸ್. ಹೀಗೆ ಒಲಿಂಪಿಕ್ ಚಿನ್ನ ಗೆದ್ದ ಮೊದಲ ಕಪ್ಪು ಆಫ್ರಿಕನ್ ಮಹಿಳೆ ದೆರಾರ್ತು ತುಲು ಆದರು. ಮರುದಿನವೇ ಅಲ್ಜೀರಿಯಾದ ಹಸೀಬಾ ಬುಲ್ಮರ್ಕಾ 1500 ಮೀಟರ್ ಗೆದ್ದರು.

ಜಗತ್ತು ನೆನಪಿಟ್ಟುಕೊಂಡದ್ದು ಈ ಅಂಕೆಗಳನ್ನಲ್ಲ. ಗೆರೆ ದಾಟಿದ ದೆರಾರ್ತು ಅಲ್ಲೇ ನಿಂತು ಮೇಯರ್ ಬರುವವರೆಗೂ ಕಾದರು. ಇಬ್ಬರೂ ತಬ್ಬಿಕೊಂಡರು. ಆಮೇಲೆ ಕೈಕೈ ಹಿಡಿದು ಮೈದಾನ ಸುತ್ತಿದರು. ಆಫ್ರಿಕಾದ ಒಬ್ಬ ಕರಿಯ ಹೆಣ್ಣು, ಒಬ್ಬ ಬಿಳಿಯ ಹೆಣ್ಣು. ವರ್ಣಭೇದದ ಆಳ್ವಿಕೆ ಇನ್ನೂ ಪೂರ್ತಿ ಮುಗಿದಿರದ ದಿನಗಳಲ್ಲಿ, ಯಾವ ಭಾಷಣವೂ ಇಲ್ಲದೆ, ಅವರು ಹೇಳಿದ್ದು ಎಲ್ಲರಿಗೂ ಅರ್ಥವಾಯಿತು.

ಕೆಳಗೆ ಬಿದ್ದು ಮತ್ತೆ ಎದ್ದದ್ದು

ಒಂದು ಚಿನ್ನ ಗೆದ್ದು ಮರೆಯಾದವರು ಬಹಳ. ದೆರಾರ್ತು ಅವರ ದೊಡ್ಡತನ ಇರುವುದು ಮುಂದಿನ ಹದಿನೇಳು ವರ್ಷದಲ್ಲಿ. ಬಾರ್ಸಿಲೋನಾದ ನಂತರ ಗಾಯಗಳು ಕಾಡಿದವು. 1995ರಲ್ಲಿ ಬಯಲು ಓಟದ ವಿಶ್ವ ಚಾಂಪಿಯನ್ ಆದರು. ಅದೇ ವರ್ಷ ಟ್ರ್ಯಾಕಿನ ವಿಶ್ವ ಕೂಟದಲ್ಲಿ ಪೋರ್ಚುಗಲ್ಲಿನ ಫೆರ್ನಾಂಡಾ ರಿಬೇರೊ ಮುಂದೆ ಬೆಳ್ಳಿಗೆ ನಿಂತರು. 1996ರ ಅಟ್ಲಾಂಟಾದಲ್ಲಿ ನಾಲ್ಕನೆಯವರು, ಪದಕವಿಲ್ಲ. 1997ರಲ್ಲಿ ಮತ್ತೆ ಬಯಲು ಓಟದ ಚಿನ್ನ. 1998ರಲ್ಲಿ ಹೆಣ್ಣುಮಗುವಿನ ತಾಯಿಯಾದರು.

ತಾಯಿಯಾದ ಮೇಲೆ ಓಟ ಮುಗಿಯಿತು ಎನ್ನುವುದು ಎಲ್ಲ ಊರಿನ ಮಾತು. ಆದರೆ 2000ದ ಸಿಡ್ನಿ ಒಲಿಂಪಿಕ್ಸಿಗೆ ದೆರಾರ್ತು ಬಂದರು. ಬ್ರಿಟನ್ನಿನ ಪೌಲಾ ರಾಡ್‌ಕ್ಲಿಫ್ ಓಟದ ಬಹುಭಾಗ ಮುಂದಿದ್ದು ಉಳಿದವರನ್ನು ದಣಿಸಲು ನೋಡಿದರು. ಕೊನೆಯ ಸುತ್ತಿನಲ್ಲಿ ದೆರಾರ್ತು ಹಾರಿದರು. ಇಪ್ಪತ್ತನಾಲ್ಕು ಸುತ್ತು ಓಡಿದ ಕಾಲು ಇಪ್ಪತ್ತೈದನೆಯ ಸುತ್ತನ್ನು ಸುಮಾರು ಒಂದೇ ನಿಮಿಷದಲ್ಲಿ ಮುಗಿಸಿತು! ಒಟ್ಟು ವೇಳೆ 30 ನಿಮಿಷ 17.49 ಸೆಕೆಂಡ್, ಹೊಸ ಒಲಿಂಪಿಕ್ ದಾಖಲೆ. ಎರಡನೆಯವರು ಇಥಿಯೋಪಿಯಾದ ಗೆತೆ ವಾಮಿ, ಮೂರನೆಯವರು ರಿಬೇರೊ, ರಾಡ್‌ಕ್ಲಿಫ್ ನಾಲ್ಕನೆಯವರು. ಎಂಟು ವರ್ಷದ ಹಿಂದಿನ ತಮ್ಮದೇ ವೇಳೆಗಿಂತ ದೆರಾರ್ತು 48 ಸೆಕೆಂಡಿಗೂ ಹೆಚ್ಚು ಬೇಗ ಓಡಿದ್ದರು.

2001ರಲ್ಲಿ ಎಡ್ಮಂಟನ್‌ನಲ್ಲಿ ವಿಶ್ವ ಚಾಂಪಿಯನ್, ಲಂಡನ್ ಮ್ಯಾರಥಾನಿನಲ್ಲಿ ಮೊದಲಿಗರು. 2004ರ ಅಥೆನ್ಸಿನಲ್ಲಿ 32ನೇ ವಯಸ್ಸಿಗೆ ಕಂಚು. ಅಲ್ಲಿ ಬೆಳ್ಳಿ ಗೆದ್ದವರು ಅವರದೇ ಬಂಧು ಎಜೆಗಯೆಹು ದಿಬಾಬಾ. 2009ರಲ್ಲಿ, 37ನೇ ವಯಸ್ಸಿನಲ್ಲಿ, ನ್ಯೂಯಾರ್ಕ್ ಮ್ಯಾರಥಾನ್ ಗೆದ್ದರು. ಆ ಓಟದಲ್ಲಿ ರಾಡ್‌ಕ್ಲಿಫ್ ಕಾಲುನೋವಿನಿಂದ ಹಿಂದೆ ಬೀಳತೊಡಗಿದಾಗ, ಬಾ ಜೊತೆಗೆ ಓಡೋಣ ಎಂದು ಹುರಿದುಂಬಿಸಿದವರು ದೆರಾರ್ತು. ಬಾರ್ಸಿಲೋನಾದಲ್ಲಿ ಗೆರೆಯ ಬಳಿ ಕಾದು ನಿಂತವರು ಹದಿನೇಳು ವರ್ಷದ ನಂತರವೂ ಅದೇ ಮನಸ್ಸಿನವರಾಗಿದ್ದರು.

ಹಿಂದೆ ಬಂದವರು

1992ರಿಂದ 2016ರವರೆಗೆ ಏಳು ಒಲಿಂಪಿಕ್ಸುಗಳಲ್ಲಿ ಹೆಂಗಸರ 10,000 ಮೀಟರ್ ಚಿನ್ನ ಐದು ಬಾರಿ ಇಥಿಯೋಪಿಯಾಕ್ಕೆ ಹೋಯಿತು. ಎರಡು ದೆರಾರ್ತು ಅವರವು, ಎರಡು (2008, 2012) ಅವರ ಬಂಧು ತಿರುನೆಶ್ ದಿಬಾಬಾ ಅವರವು, ಒಂದು 2016ರಲ್ಲಿ ವಿಶ್ವದಾಖಲೆಯೊಂದಿಗೆ ಗೆದ್ದ ಅಲ್ಮಾಜ್ ಅಯಾನಾ ಅವರದು. ಬೆಂಗಳೂರಿನಲ್ಲಿ 2008ರಿಂದ ನಡೆಯುವ ಹತ್ತು ಕಿಲೋಮೀಟರ್ ಓಟವನ್ನೂ ಆ ನಾಡಿನ ಹೆಣ್ಣುಮಕ್ಕಳು ಗೆದ್ದಿದ್ದಾರೆ. 2011ರಲ್ಲಿ ದಿರೆ ತುನೆ, 2015ರಲ್ಲಿ ಮಮಿತು ದಸ್ಕಾ. ದೆರಾರ್ತು ತಾವೂ ಓಟ ಬಿಟ್ಟ ಮೇಲೆ ಸುಮ್ಮನೆ ಕೂರಲಿಲ್ಲ. 2018ರಲ್ಲಿ ತಮ್ಮ ದೇಶದ ಅಥ್ಲೆಟಿಕ್ಸ್ ಒಕ್ಕೂಟದ ಹೊಣೆ ಹೊತ್ತು 2024ರವರೆಗೆ ನಡೆಸಿದರು.

ನಮ್ಮ ಶಾಲೆಯ ಬಯಲಿನಲ್ಲಿ

ಈ ಕಥೆಯನ್ನು ನಮ್ಮ ಕಲ್ಹೇರ್, ನಾರಾಯಣಖೇಡ, ತಾಂಡೂರಿನ ಮಕ್ಕಳಿಗೆ ಯಾಕೆ ಹೇಳಬೇಕು? ಚಿನ್ನದ ಪದಕದ ಆಸೆ ಹುಟ್ಟಿಸಲು ಅಲ್ಲ. ಏಳನೇ ತರಗತಿ ಮುಗಿಯುತ್ತಲೇ ಹುಡುಗಿಯರ ಆಟ ನಿಂತುಹೋಗುತ್ತದೆ. ಕೆಲವರ ಓದೂ ನಿಲ್ಲುತ್ತದೆ. ದೊಡ್ಡವಳಾದಳು, ಓಡಬಾರದು ಎನ್ನುತ್ತೇವೆ. 1928ರಲ್ಲಿ ಆಮ್‌ಸ್ಟರ್‌ಡಾಮಿನಲ್ಲಿ ಕೋಟು ತೊಟ್ಟ ಗಂಡಸರು ಹೇಳಿದ್ದೂ ಇದನ್ನೇ. ಅದು ಸುಳ್ಳೆಂದು ತೋರಿಸಲು ಬೆಕೋಜಿಯ ಹುಡುಗಿ ಇಪ್ಪತ್ತೈದು ಸುತ್ತು ಓಡಬೇಕಾಯಿತು.

ನಮ್ಮ ನಾಡಿನಲ್ಲೂ ದಾರಿ ತೋರಿಸಿದವರಿದ್ದಾರೆ. ಕೊಡಗಿನ ಅಶ್ವಿನಿ ನಾಚಪ್ಪ ಓಟದಲ್ಲಿ ಹೆಸರು ಮಾಡಿ 1988ರಲ್ಲಿ ಅರ್ಜುನ ಪ್ರಶಸ್ತಿ ಪಡೆದರು, ಮುಂದೆ ಗೋಣಿಕೊಪ್ಪದಲ್ಲಿ ಆಟಕ್ಕೂ ಓದಿಗೂ ಸಮನಾದ ಜಾಗವಿರುವ ಶಾಲೆ ಕಟ್ಟಿದರು.

ಹಳೆಯ ಚಕ್ರವರ್ತಿ ಹೈಲೆ ಸೆಲಾಸಿಯ ಕಾಲದಲ್ಲಿ ಭಾರತದಿಂದ ಬಹಳಷ್ಟು ಶಿಕ್ಷಕರು ಇಥಿಯೋಪಿಯಾದ ಶಾಲೆಗಳಿಗೆ ಪಾಠ ಹೇಳಲು ಹೋಗಿದ್ದರು. ಈಗ ಅಲ್ಲಿನ ಒಂದು ಶಾಲೆಯಿಂದ ನಾವು ಪಾಠ ಕಲಿಯಬಹುದು. ಬೇಕಾದದ್ದು ಹೆಚ್ಚೇನಿಲ್ಲ. ಶಾಲೆಯ ಬಯಲಿನಲ್ಲಿ ಸುಣ್ಣದ ಗೆರೆ ಹಾಕಿ. ಒಂದು ಸುತ್ತು 200 ಮೀಟರ್ ಆದರೆ ದೆರಾರ್ತು ಓಡಿದ ದೂರಕ್ಕೆ ಐವತ್ತು ಸುತ್ತು ಬೇಕು. ಐವತ್ತು ಮಕ್ಕಳಿಂದ ಒಬ್ಬೊಬ್ಬರಿಗೆ ಒಂದೊಂದು ಸುತ್ತು ಓಡಿಸಿ, ಕೈಗಡಿಯಾರ ಹಿಡಿದು ಎಣಿಸಿ. ಅರ್ಧಗಂಟೆಗೂ ಮುಂಚೆ ಮುಗಿಸಿದರೆ ಸಿಡ್ನಿಯ ದೆರಾರ್ತುವನ್ನು ಸೋಲಿಸಿದಂತೆ ಎಂದು ಹೇಳಿ. ಐವತ್ತು ಜನ ಸೇರಿ ಓಡಿದರೂ ಎಷ್ಟು ಕಷ್ಟ ಎಂಬುದು ಮಕ್ಕಳಿಗೆ ಆಗ ತಾನಾಗಿ ತಿಳಿಯುತ್ತದೆ. ಗಣಿತ, ಭೂಗೋಳ, ಇತಿಹಾಸ ಮೂರೂ ಒಂದೇ ಪಾಠದಲ್ಲಿ ಆದವು. ಆ ಐವತ್ತು ಜನರಲ್ಲಿ ಹುಡುಗಿಯರು ಅರ್ಧಕ್ಕಿಂತ ಕಡಿಮೆ ಆಗದಂತೆ ನೋಡಿಕೊಳ್ಳುವುದು ನಮ್ಮ ಶಿಕ್ಷಕರ ಕೆಲಸ.