ನಿಜಲಿಂಗಪ್ಪ, ಎಸ್.

(1902–2000). ವಕೀಲ, ಸ್ವಾತಂತ್ರ್ಯ ಹೋರಾಟಗಾರ, ಶಾಸಕ. ಎರಡು ಬಾರಿ ಮೈಸೂರು ರಾಜ್ಯದ ಮುಖ್ಯಮಂತ್ರಿ. ಆಗಿನ ಬಳ್ಳಾರಿ ಜಿಲ್ಲೆಯ ಹಲುವಾಗಲಿನಲ್ಲಿ 1902 ಡಿಸೆಂಬರ್ 10ರಂದು ಜನಿಸಿದರು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪದವಿ, ಪುಣೆಯಲ್ಲಿ ಕಾನೂನು ಶಿಕ್ಷಣ ಪಡೆದು ಚಿತ್ರದುರ್ಗದಲ್ಲಿ ವಕೀಲಿ ವೃತ್ತಿ ಆರಂಭಿಸಿದರು.

1939ರ ತುರುವನೂರು ಅರಣ್ಯ ಸತ್ಯಾಗ್ರಹದಲ್ಲಿ ಮುಂದಾಳಾಗಿ ಸೆರೆವಾಸ ಅನುಭವಿಸಿದರು. ಕರ್ನಾಟಕ ಏಕೀಕರಣಕ್ಕೆ ದುಡಿದ ಕಾಂಗ್ರೆಸ್ ನಾಯಕರಲ್ಲಿ ಪ್ರಮುಖರು. ಸಂವಿಧಾನ ರಚನಾ ಸಭೆಯ ಸದಸ್ಯರಾಗಿದ್ದರು. 1952ರಲ್ಲಿ ಚಿತ್ರದುರ್ಗದಿಂದ ಲೋಕಸಭೆಗೆ ಆಯ್ಕೆಯಾದರು.

1956 ನವೆಂಬರ್ 1ರಂದು ವಿಶಾಲ ಮೈಸೂರು ರಾಜ್ಯ ಉದಯವಾದಾಗ ಅದರ ಮೊದಲ ಮುಖ್ಯಮಂತ್ರಿಯಾದರು. 1957ರಲ್ಲಿ ಮೊಳಕಾಲ್ಮೂರಿನಿಂದ ವಿಧಾನಸಭೆಗೆ ಗೆದ್ದರು; ಪಕ್ಷದೊಳಗಿನ ಭಿನ್ನಮತದಿಂದಾಗಿ 1958ರಲ್ಲಿ ಅಧಿಕಾರ ತ್ಯಜಿಸಬೇಕಾಯಿತು. 1962ರ ಚುನಾವಣೆಯಲ್ಲಿ ಹೊಸದುರ್ಗದಲ್ಲಿ ಸೋತರೂ, ಬಾಗಲಕೋಟೆಯಿಂದ ಶಾಸಕರಾಗಿ ಮತ್ತೆ ಮುಖ್ಯಮಂತ್ರಿಯಾದರು; 1968ರವರೆಗೆ ಆ ಹುದ್ದೆಯಲ್ಲಿದ್ದರು. ಈ ಅವಧಿಯಲ್ಲಿ ಶರಾವತಿ ಜಲವಿದ್ಯುತ್ ಯೋಜನೆ ಕಾರ್ಯಾರಂಭ ಮಾಡಿತು.

1968ರಲ್ಲಿ ಅಖಿಲ ಭಾರತ ಕಾಂಗ್ರೆಸ್ ಅಧ್ಯಕ್ಷರಾದರು. ಮರುವರ್ಷ ಪಕ್ಷ ಇಬ್ಭಾಗವಾದಾಗ ಇಂದಿರಾ ಗಾಂಧಿಯವರ ವಿರೋಧಿ ಬಣವಾದ ಸಂಸ್ಥಾ ಕಾಂಗ್ರೆಸ್ಸಿನ ನೇತೃತ್ವ ವಹಿಸಿದರು. 2000 ಆಗಸ್ಟ್ 8ರಂದು ಚಿತ್ರದುರ್ಗದಲ್ಲಿ ನಿಧನರಾದರು.