ಕೊಂಬಿಲ್ಲದ ಬಸವ

ಬಸವನಹುಳು ಎಂಬ ಹೆಸರು ನಮ್ಮ ಜನ ಕಟ್ಟಿದ ಮಾತುಗಳಲ್ಲಿ ಬಲು ಸೊಗಸಾದುದು. ತಲೆಯ ಮೇಲೆ ಕೊಂಬು, ಬೆನ್ನಿನ ಮೇಲೆ ಹಿಣಿಲಿನಂತಹ ಚಿಪ್ಪು, ಆತುರವರಿಯದ ನಡಿಗೆ. ಬಸವನಾಗಲು ಇನ್ನೇನು ಬೇಕು? ಆದರೆ ಇದೇ ಬಳಗದ ಕಡಲಜೀವಿಯೊಂದಕ್ಕೆ ಕೊಂಬೇ ಇಲ್ಲ. ಕೊಂಬಿರಬೇಕಾದೆಡೆಯಲ್ಲಿ ಮಾಂಸದ ಅಗಲವಾದ ಗುರಾಣಿಯೊಂದಿದ್ದು, ಅದನ್ನು ನೇಗಿಲಿನಂತೆ ಮುಂದೊತ್ತಿ ಮರಳನ್ನು ಸೀಳಿಕೊಂಡು ಸಾಗುತ್ತದೆ. ಹಗಲೆಲ್ಲ ಮರಳಿನಲ್ಲಿ ಹುದುಗಿದ್ದು ಇರುಳಿನಲ್ಲಿ ಹೊರಬಂದು ಪಾಚಿ ಮೇಯುತ್ತದೆ. ಒಂದೊಂದು ಹುಳುವೂ ಗಂಡೂ ಹೌದು, ಹೆಣ್ಣೂ ಹೌದು. ಚಿಪ್ಪು ತೆಳುವಾಗಿ ಉಬ್ಬಿರುವುದರಿಂದ ಇದನ್ನು ಗುಳ್ಳೆ ಬಸವನಹುಳು ಎನ್ನಬಹುದು. ಕೆಂಪು ಸಮುದ್ರದಿಂದ ಹಿಂದೂ ಮಹಾಸಾಗರವನ್ನು ದಾಟಿ ಶಾಂತಸಾಗರದವರೆಗೆ ಹರಡಿರುವ ಜಾತಿಗೆ ಶಾಸ್ತ್ರಜ್ಞರು 'ಬುಲ್ಲ ಆಂಪುಲ್ಲ' ಎನ್ನುತ್ತಾರೆ. ಲ್ಯಾಟಿನ್ನಿನಲ್ಲಿ 'ಬುಲ್ಲ' ಎಂದರೆ ನೀರಿನ ಗುಳ್ಳೆ. ರೋಮಿನ ಬಾಲಕರ ಕೊರಳಿಗೆ ಕಟ್ಟುತ್ತಿದ್ದ ತಾಯಿತಕ್ಕೂ ಅದೇ ಹೆಸರು.

ಆ ಹೆಸರನ್ನು ಶಾಸ್ತ್ರಕ್ಕೆ ತಂದವನು ಸ್ವೀಡನ್ ದೇಶದ ಲಿನೇಯಸ್, 1758ರಲ್ಲಿ, ತನ್ನ 'ಸಿಸ್ಟೆಮಾ ನ್ಯಾಚುರೆ' ಗ್ರಂಥದ ಹತ್ತನೆಯ ಆವೃತ್ತಿಯಲ್ಲಿ. ಪ್ರಾಣಿಗಿಂತ ಹೆಚ್ಚಾಗಿ ಅವನ ಕೈಗೆ ಬರುತ್ತಿದ್ದುದು ಬರಿಯ ಚಿಪ್ಪು. ಆದುದರಿಂದ ಉಬ್ಬಿದುದನ್ನೆಲ್ಲ ಗುಳ್ಳೆಯೆಂದೇ ಬಗೆದು ಒಂದೇ ಕುಲಕ್ಕೆ ಸೇರಿಸಿಬಿಟ್ಟ. ಕವಡೆಯ ನಂಟಿನ ಮೊಟ್ಟೆಚಿಪ್ಪು, ಅಂಜೂರದಾಕಾರದ ಚಿಪ್ಪು, ಸಿಹಿನೀರಿನ ಸಣ್ಣ ಹುಳು, ಕೊನೆಗೆ ಆಫ್ರಿಕದ ನೆಲದ ಮೇಲೆ ಹರಿಯುವ ದೊಡ್ಡ ಬಸವನಹುಳು ಕೂಡ ಅವನ 'ಬುಲ್ಲ'ಗಳಾದವು!

ಚಿಪ್ಪನ್ನೇ ನೆಚ್ಚುವ ಈ ವಿದ್ಯೆಗೆ ಒಮ್ಮೆ ತಕ್ಕ ಶಾಸ್ತಿಯಾಯಿತು. ಗುಳ್ಳೆಹುಳುವಿನ ಹೊಟ್ಟೆಯಲ್ಲಿ ಬೀಸುಕಲ್ಲಿನಂತೆ ಕೆಲಸ ಮಾಡುವ ಮೂರು ಗಟ್ಟಿ ಫಲಕಗಳುಂಟು. ಚಿಪ್ಪುಳ್ಳ ಬೇಟೆಯನ್ನು ನುಂಗುವ, ಮರದ ಬಣ್ಣದ ಒಂದು ಜಾತಿಯಲ್ಲಿ ಇವು ಸಾಕಷ್ಟು ದೊಡ್ಡವು. ಸಿಸಿಲಿಯ ಕಟಾನಿಯದ ಜೋಯೆನಿ ಎಂಬ ಪಂಡಿತನಿಗೆ ಈ ಫಲಕಗಳು ಸಿಕ್ಕವು. ಮೂರು ಚಿಪ್ಪಿನ ಹೊಸ ಪ್ರಾಣಿಯೇ ದೊರಕಿತೆಂದು 1783ರಲ್ಲಿ ಪುಸ್ತಕ ಬರೆದು ಸಾರಿದ. ಅಷ್ಟಕ್ಕೇ ನಿಲ್ಲದೆ, ಅದು ಮರಳಿನಲ್ಲಿ ಚಲಿಸುವ ಪರಿಯನ್ನೂ ವರ್ಣಿಸಿದ! ಆ 'ಪ್ರಾಣಿ'ಗೆ ಅವನ ಹೆಸರೂ ಅಂಟಿತು. 1800ರಲ್ಲಿ ಫ್ರಾನ್ಸಿನ ಡ್ರಾಪರ್ನೊ ಇದು ಪ್ರಾಣಿಯಲ್ಲ, ಪ್ರಾಣಿಯ ಜಠರವೆಂದು ತೋರಿಸಿಕೊಟ್ಟ. ಕಾಣದ ನಡಿಗೆಯನ್ನು ವರ್ಣಿಸುವ ಚಾಪಲ್ಯ ಕವಿಗಳಿಗೆ ಮಾತ್ರವೇ ಮೀಸಲೆಂದು ನಾವು ತಿಳಿದಿದ್ದೆವು.

ಬಳಿಕ ವಿದ್ವಾಂಸರು ಚಿಪ್ಪನ್ನು ಬಿಟ್ಟು ಒಡಲನ್ನು ಬಗೆದು ನೋಡತೊಡಗಿದರು. 1848ರಲ್ಲಿ ಮಿಲ್ನ್ ಎಡ್ವರ್ಡ್ಸ್ ಎಂಬ ಫ್ರೆಂಚ್ ಪಂಡಿತ, ಕಿವಿರು ಹೃದಯದ ಹಿಂದಿರುವವುಗಳನ್ನೆಲ್ಲ ಒಂದು ವರ್ಗ ಮಾಡಿದ; ಗುಳ್ಳೆಹುಳು ಅಲ್ಲಿಗೆ ಸೇರಿತು. 1883ರಲ್ಲಿ ಫಿಶರ್, ತಲೆಯ ಗುರಾಣಿಯನ್ನೇ ಗುರುತಾಗಿಟ್ಟುಕೊಂಡು, 'ಸೆಫಲಾಸ್ಪಿಡಿಯ' ಎಂಬ ಹೆಸರಿತ್ತ. ಶ್ವಾಸಕೋಶದಿಂದ ಉಸಿರಾಡುವ ನೆಲದ ಹುಳುಗಳದು ಮಾತ್ರ ಬೇರೆಯೇ ಮನೆ. ಲಿನೇಯಸ್ಸನು ಕಡಲಿನದನ್ನೂ ನೆಲದ್ದನ್ನೂ ಒಂದೇ ಗಂಟು ಕಟ್ಟಿದ್ದು ನಗೆಪಾಟಲಾಗಿ ಉಳಿಯಿತು.

ಭದ್ರಾವತಿಯ ನ್ಯೂ ಟೌನಿನಲ್ಲಿ ಕುಳಿತವನಿಗೆ ಕಡಲಿನ ಹುಳುವಿನ ಗೊಡವೆ ಏಕೆಂದು ವಾಚಕರು ಕೇಳಬಹುದು. ಅದಕ್ಕೆ ಉತ್ತರ ಮಲೆನಾಡಿನ ತೋಟಗಳಲ್ಲಿದೆ. ಮಳೆ ಹಿಡಿದೊಡನೆ ಅಡಿಕೆ, ಬಾಳೆಗಳ ಮೇಲೇರುವ ಆಫ್ರಿಕದ ದೈತ್ಯ ಬಸವನಹುಳು ಲಿನೇಯಸ್ಸನ ಆ ನೆಲದ 'ಬುಲ್ಲ'ದ ಹತ್ತಿರದ ಬಂಧು. 1847ರಲ್ಲಿ ಬೆನ್ಸನ್ ಎಂಬಾತ ಮಾರಿಷಸ್ಸಿನಿಂದ ತಂದು ಕಲಕತ್ತೆಯಲ್ಲಿ ಬಿಟ್ಟದ್ದು ಇಂದು ರೈತನ ಕೊರಳಿಗೆ ಸುತ್ತಿಕೊಂಡಿದೆ.

ಇನ್ನು ವಿಶೇಷವಾದ ಸಂಗತಿ. 2010ರಲ್ಲಿ ಯೆರ್ಗರ್ ಮತ್ತು ಸಂಗಡಿಗರು ವಂಶವಾಹಿಗಳನ್ನು ಹೋಲಿಸಿ ನೋಡಿದಾಗ ಹಿಂಗಿವಿರಿನ ಹಳೆಯ ವರ್ಗವೇ ಒಡೆದುಹೋಯಿತು. ಗುಳ್ಳೆಹುಳುವಿನ ಕವಲೂ ನೆಲದ ಹುಳುವಿನ ಕವಲೂ ಒಂದಕ್ಕೊಂದು ಸೋದರ ಕವಲುಗಳೆಂದು ಕಂಡುಬಂತು. ಉಪ್ಪು ಚೆಲ್ಲಿದರೆ ಸಾಯುವ ತೋಟದ ಹುಳುವಿನ ದಾಯಾದಿ ಉಪ್ಪುನೀರಿನಲ್ಲಿಯೇ ಸುಖವಾಗಿದೆ! ಲಿನೇಯಸ್ಸನ ಊಹೆ ಇಷ್ಟರಮಟ್ಟಿಗೆ ನಿಜವಾದರೂ ಅದು ಕುರುಡುಗಲ್ಲೆಂದೇ ನಮ್ಮ ಮತ. ಏಕೆಂದರೆ ಅವನೇ 1758ರಲ್ಲಿ 'ಬುಲ್ಲ' ಎಂದು ಕರೆದಿದ್ದ, ನೀರ್ಗುಳ್ಳೆಯನ್ನೇ ಹೋಲುವ ಹಗುರ ಚಿಪ್ಪಿನ ಮೇಲೆ ಕಂದುಗೆರೆ ಎಳೆದಂತಿರುವ 'ಹೈಡಟೈನ', ಕಡಲಹುಳುಗಳನ್ನು ತಿಂದು ಬದುಕುವ ಆ ಚೆಲುವೆ, ಇಂದು ಗುಳ್ಳೆಹುಳುಗಳ ಮನೆಯಿಂದ ಹೊರಬಿದ್ದು ದೂರದ ಬೇರೊಂದು ಕವಲಿಗೆ ಸೇರಿದೆ.